ಹಾವು–ಮುಂಗುಸಿ ಕಾಳಗ: ರೈತರು ತಿಳಿದಿರಬೇಕಾದ ಸಂಗತಿಗಳು

ದಾಯಾದಿಗಳು ಬದುವಿನ ಮೇಲೆ ನಿಂತು ಜಗಳಕ್ಕೆ ತೊಡಗಿದರೆ 'ಹಾವು ಮುಂಗುಸಿಯ ಹಾಗೆ ಆಡುತ್ತಾರೆ' ಎನ್ನುವುದು ನಮ್ಮ ಹಳ್ಳಿಗಳ ರೂಢಿ. ತೊಟ್ಟಿಲ ಮಗುವನ್ನು ಹಾವಿನಿಂದ ಕಾಪಾಡಿದ ಸಾಕು ಮುಂಗುಸಿ, ಅದರ ಬಾಯಲ್ಲಿ ರಕ್ತ ಕಂಡು ದುಡುಕಿ ಅದನ್ನೇ ಕೊಂದ ಕಥೆಯನ್ನು ಪಂಚತಂತ್ರದಿಂದ ಎಲ್ಲರೂ ಕೇಳಿದ್ದಾರೆ. ಈ ಹಗೆತನದ ಸುತ್ತ ಮೂರು ನಂಬಿಕೆಗಳು ಬೇರೂರಿವೆ. ಮೊದಲನೆಯದು, ಮುಂಗುಸಿ ಓಡಾಡುವ ಕಡೆ ಹಾವು ಸುಳಿಯುವುದಿಲ್ಲ. ಎರಡನೆಯದು, ಮುಂಗುಸಿಗೆ ವಿಷ ಏರುವುದೇ ಇಲ್ಲ. ಮೂರನೆಯದು, ಕಡಿತಕ್ಕೆ ಸಿಕ್ಕಿದ ಮುಂಗುಸಿ ಪೊದೆಗೆ ಓಡಿ ಯಾವುದೋ ಬೇರನ್ನು ತಿಂದು ವಿಷ ಇಳಿಸಿಕೊಳ್ಳುತ್ತದೆ.

ಇವುಗಳಲ್ಲಿ ಮೊದಲೆರಡು ಅರ್ಧ ಸತ್ಯ, ಮೂರನೆಯದು ಪೂರ್ಣ ಸುಳ್ಳು. ಈ ನಂಬಿಕೆಗಳಿಗೆ ಜೋತುಬಿದ್ದು ಮುನ್ನೆಚ್ಚರಿಕೆ ಬಿಟ್ಟರೆ ತೆರಬೇಕಾದ ಬೆಲೆ ದೊಡ್ಡದು. ನಮ್ಮ ದೇಶದಲ್ಲಿ 2000ದಿಂದ 2019ರವರೆಗಿನ ಅವಧಿಯಲ್ಲಿ ಹಾವು ಕಡಿತದಿಂದ ಸತ್ತವರ ಸಂಖ್ಯೆ ಸುಮಾರು 12 ಲಕ್ಷ, ಅಂದರೆ ವರ್ಷಕ್ಕೆ ಸರಾಸರಿ 58,000 ಎಂದು 2020ರಲ್ಲಿ ಪ್ರಕಟವಾದ ಅಧ್ಯಯನವೊಂದು ಅಂದಾಜು ಮಾಡಿದೆ. ಸಾವುಗಳಲ್ಲಿ ಅರ್ಧದಷ್ಟು ಜೂನ್‌ನಿಂದ ಸೆಪ್ಟೆಂಬರ್‌ವರೆಗೆ, ಹೊಲದ ಕೆಲಸ ಬಿರುಸಾಗಿರುವಾಗಲೇ ಸಂಭವಿಸಿವೆ. ಆದ್ದರಿಂದ ಹಾವು ಮತ್ತು ಸಣ್ಣ ಬೇಟೆ ಪ್ರಾಣಿಗಳ ನಡುವಿನ ನಿಜವಾದ ಸಂಬಂಧವೇನು, ಅದನ್ನು ರೈತರು ಎಷ್ಟರಮಟ್ಟಿಗೆ ನೆಚ್ಚಬಹುದು ಎಂಬುದನ್ನು ಇಲ್ಲಿ ವಿವರವಾಗಿ ಪರಿಶೀಲಿಸೋಣ.

ಕಣದಲ್ಲಿರುವ ಪ್ರಾಣಿಗಳು

ನಮ್ಮ ಹೊಲ, ತೋಟ, ಕಣಗಳ ಬಳಿ ಸಾಮಾನ್ಯವಾಗಿ ಕಾಣುವುದು ಬೂದು ಮುಂಗುಸಿ. ಇದರ ಮೈ ಸುಮಾರು 40 ಸೆಂ. ಮೀ. ಉದ್ದ, ಬಾಲವೂ ಹೆಚ್ಚುಕಡಿಮೆ ಅಷ್ಟೇ. ತೂಕ ಒಂದರಿಂದ ಒಂದೂವರೆ ಕಿ. ಗ್ರಾಂ. ಬಾಲದ ತುದಿ ಕಪ್ಪಾಗಿರುವ ಕೆಂಪು ಮುಂಗುಸಿಯನ್ನು ಕುರುಚಲು ಕಾಡುಗಳ ಅಂಚಿನಲ್ಲಿ ಕಾಣಬಹುದು. ಮಲೆನಾಡಿನಲ್ಲಿ ಕತ್ತಿನ ಮೇಲೆ ಕಪ್ಪು ಪಟ್ಟೆಯಿರುವ ದೊಡ್ಡ ಮುಂಗುಸಿಯೂ ಕಂದು ಮುಂಗುಸಿಯೂ ಇವೆ. ಇವಲ್ಲದೆ ಕಾಡುಬೆಕ್ಕು, ಪುನುಗುಬೆಕ್ಕು, ನರಿ ಮುಂತಾದ ಪ್ರಾಣಿಗಳೂ ಸಮಯ ಸಿಕ್ಕಾಗ ಹಾವನ್ನು ಹಿಡಿದು ತಿನ್ನುವುದುಂಟು.

ಇನ್ನೊಂದು ಪಕ್ಷದಲ್ಲಿ ಒಂದರಿಂದ ಒಂದೂವರೆ ಮೀಟರು ಉದ್ದದ ನಾಗರಹಾವು, ಎರಡು ಮೀಟರು ಮೀರಿ ಬೆಳೆಯಬಲ್ಲ ವಿಷವಿಲ್ಲದ ಕೇರೆಹಾವು, ದಪ್ಪ ಮೈಯ ಕೊಳಕುಮಂಡಲ, ರಾತ್ರಿ ಸಂಚರಿಸುವ ಕಟ್ಟುಹಾವು (ಕಡಂಬಳ), ಒಣ ಸೀಮೆಯ ಗರಗಸ ಮಂಡಲ ಇವೆ. ಕಾಡಂಚಿನ ಊರುಗಳಲ್ಲಿ ಹೆಬ್ಬಾವು, ಮಲೆನಾಡಿನಲ್ಲಿ ಕಾಳಿಂಗ ಸರ್ಪ ಸೇರಿಕೊಳ್ಳುತ್ತವೆ. ಪಶ್ಚಿಮ ಘಟ್ಟದ ಕಾಳಿಂಗ ಸರ್ಪವು ಬೇರೆಯೇ ಜಾತಿಯೆಂದು 2024ರಲ್ಲಿ ವಿಜ್ಞಾನಿಗಳು ಗುರುತಿಸಿ, ನಮ್ಮ ಕನ್ನಡದ 'ಕಾಳಿಂಗ' ಎಂಬ ಹೆಸರನ್ನೇ ಅದರ ಶಾಸ್ತ್ರೀಯ ನಾಮಕ್ಕೆ ಸೇರಿಸಿದ್ದಾರೆ. ಇದರ ಮುಖ್ಯ ಆಹಾರ ಬೇರೆ ಹಾವುಗಳೇ. ನಾಗರ, ಕೇರೆಗಳನ್ನು ಮುಂಗುಸಿ ಮಾತ್ರವಲ್ಲದೆ ಇನ್ನೊಂದು ಹಾವೂ ತಿನ್ನುತ್ತದೆ ಎಂಬುದನ್ನು ಗಮನಿಸಬೇಕು.

ಕಾಳಗ ನಡೆಯುವ ರೀತಿ

ಮುಂಗುಸಿ ಹಾವಿನ ಮೇಲೆ ಒಮ್ಮೆಲೇ ಎರಗುವುದಿಲ್ಲ. ಮೈಯ ಮತ್ತು ಬಾಲದ ಕೂದಲನ್ನು ನಿಗುರಿಸಿಕೊಂಡು ತನ್ನ ಗಾತ್ರಕ್ಕಿಂತ ದೊಡ್ಡದಾಗಿ ಕಾಣುತ್ತದೆ. ಹತ್ತಿರ ಹೋಗಿ ಹಾವನ್ನು ಕೆಣಕುತ್ತದೆ, ಅದು ಹೊಡೆದ ಕೂಡಲೇ ಹಿಂದಕ್ಕೆ ಜಿಗಿಯುತ್ತದೆ. ಹಾವು ಹೊಡೆದ ಏಟು ಎಷ್ಟೋ ಸಲ ಬರಿಯ ಗಾಳಿಗೆ, ಇಲ್ಲವೇ ಒರಟಾದ ಕೂದಲಿಗೆ ಬೀಳುತ್ತದೆ. ನಾಗರಹಾವಿನ ವಿಷದ ಹಲ್ಲುಗಳು ಗಿಡ್ಡವಾದುದರಿಂದ ನಿಗುರಿದ ಕೂದಲು ಒಳ್ಳೆಯ ಗುರಾಣಿಯಾಗುತ್ತದೆ.

ಇಲ್ಲಿ ನಾಗರಹಾವಿಗೆ ಎರಡು ಅನಾನುಕೂಲಗಳಿವೆ. ಹೆಡೆಯೆತ್ತಿ ನಿಂತಾಗ ಅದು ಮೈಯ ಸುಮಾರು ಮೂರನೆಯ ಒಂದು ಭಾಗವನ್ನು ಮಾತ್ರ ಮೇಲೆತ್ತುತ್ತದೆ, ಎತ್ತಿದಷ್ಟು ದೂರಕ್ಕೇ ಹೊಡೆಯಬಲ್ಲುದು. ಎರಡನೆಯದಾಗಿ, ಹಾವು ತಣ್ಣನೆಯ ರಕ್ತದ ಪ್ರಾಣಿ. ಅದರ ಸ್ನಾಯುಗಳು ಸ್ವಲ್ಪ ಹೊತ್ತು ಬಿರುಸಾಗಿ ದುಡಿದು ಬೇಗ ದಣಿಯುತ್ತವೆ. ಬಿಸಿರಕ್ತದ ಮುಂಗುಸಿಗೆ ದಮ್ಮು ಹೆಚ್ಚು. ಐದಾರು ಸಲ ಹೊಡೆದು ಹಾವು ಸೋತು ಹೆಡೆ ತಗ್ಗಿಸಿದ ಗಳಿಗೆಯನ್ನೇ ಕಾದಿದ್ದು ಮುಂಗುಸಿ ತಲೆಯನ್ನು ಕಚ್ಚಿ ಹಿಡಿಯುತ್ತದೆ. ಬೆಳಗಿನ ತಂಪಿನಲ್ಲಿ, ಮೈ ಕಾಯದ ಹಾವು ಇನ್ನೂ ನಿಧಾನವಾಗಿರುವುದರಿಂದ ಅದರ ಸೋಲು ಮತ್ತಷ್ಟು ಸುಲಭ.

ಕೊಳಕುಮಂಡಲದ ರೀತಿ ಬೇರೆ. ಅದು ಸುರುಳಿ ಸುತ್ತಿಕೊಂಡು ಕೂತು, ಕಣ್ಣು ಮಿಟುಕಿಸುವುದರೊಳಗೆ ಹೊಡೆಯುತ್ತದೆ. ಅದರ ಹಲ್ಲುಗಳೂ ಉದ್ದ. ಆದ್ದರಿಂದ ನಾಗರಹಾವಿನೊಡನೆ ಗೆದ್ದ ಆಟ ಮಂಡಲದೊಡನೆಯೂ ಗೆಲ್ಲುತ್ತದೆ ಎಂದು ಹೇಳುವಂತಿಲ್ಲ.

ಹಿಂದೆ ಸಂತೆ, ಜಾತ್ರೆಗಳಲ್ಲಿ ಹಾವಾಡಿಗರು ನಡೆಸುತ್ತಿದ್ದ ಕಾಳಗವನ್ನು ನೋಡಿದ ಹಿರಿಯರು ಮುಂಗುಸಿ ಸೋಲುವುದೇ ಇಲ್ಲ ಎನ್ನುವುದುಂಟು. ಆದರೆ ಅಂಥ ಆಟದ ಹಾವುಗಳ ಹಲ್ಲು ಕಿತ್ತು, ಕೆಲವೊಮ್ಮೆ ಬಾಯನ್ನೂ ಹೊಲಿದು ತರುತ್ತಿದ್ದರು. ಅದು ಕಾಳಗವಲ್ಲ, ಬರಿಯ ಹಿಂಸೆ. ಇಂಥ ಆಟ ಈಗ ಕಾನೂನಿಗೆ ವಿರುದ್ಧ.

ಮುಂಗುಸಿಗೆ ವಿಷ ಏಕೆ ಸುಲಭವಾಗಿ ಏರದು?

ನಾಗರಹಾವಿನ ವಿಷ ಮುಖ್ಯವಾಗಿ ನರಗಳಿಗೆ ಸಂಬಂಧಿಸಿದುದು. ನಮ್ಮ ದೇಹದಲ್ಲಿ ನರವು ಸ್ನಾಯುವಿಗೆ 'ಅಲುಗು' ಎಂಬ ಆಜ್ಞೆಯನ್ನು ಒಂದು ರಾಸಾಯನಿಕದ ಮೂಲಕ ಕಳಿಸುತ್ತದೆ. ಆ ರಾಸಾಯನಿಕವನ್ನು ಬೀಗದ ಕೈ ಎಂದುಕೊಂಡರೆ, ಸ್ನಾಯುವಿನ ಮೇಲೆ ಅದಕ್ಕೆ ಹೊಂದುವ ಬೀಗಗಳಿವೆ. ಹಾವಿನ ವಿಷದ ಕಣಗಳು ಈ ಬೀಗದ ತೂತಿನಲ್ಲಿ ಹೋಗಿ ಕೂತುಬಿಡುತ್ತವೆ. ನಿಜವಾದ ಬೀಗದ ಕೈ ಒಳಗೆ ಹೋಗಲಾರದು. ಕಣ್ಣರೆಪ್ಪೆ ಇಳಿಬೀಳುತ್ತದೆ, ಮಾತು ತೊದಲುತ್ತದೆ, ಕೊನೆಗೆ ಉಸಿರಾಟದ ಸ್ನಾಯುಗಳು ನಿಂತು ಸಾವು ಸಂಭವಿಸುತ್ತದೆ.

ಮುಂಗುಸಿಯಲ್ಲಿ ಈ ಬೀಗದ ಆಕಾರವೇ ತುಸು ಬದಲಾಗಿದೆ. ಇಸ್ರೇಲಿನ ವೈಸ್‌ಮನ್ ವಿಜ್ಞಾನ ಸಂಸ್ಥೆಯ ಸಂಶೋಧಕರು 1992ರಲ್ಲಿ ಈಜಿಪ್ಟಿನ ಮುಂಗುಸಿಯನ್ನು ಅಭ್ಯಸಿಸಿ ಇದನ್ನು ತೋರಿಸಿಕೊಟ್ಟರು. ನಿಜವಾದ ಬೀಗದ ಕೈ ಒಳಗೆ ಹೋಗುತ್ತದೆ, ವಿಷದ ಕಣ ಮಾತ್ರ ಕೂರಲಾರದು. ತರಕರಡಿ, ಮುಳ್ಳುಹಂದಿಯಂತೆ ಕಾಣುವ ಸಣ್ಣ ಕೀಟಭಕ್ಷಕ ಪ್ರಾಣಿ ಮತ್ತು ನಮ್ಮ ಸಾಕು ಹಂದಿಗಳಲ್ಲಿಯೂ ಇದೇ ಬೀಗದಲ್ಲಿ ಬೇರೊಂದು ರೀತಿಯ ಬದಲಾವಣೆ ಇದೆಯೆಂದು 2015ರ ಅಧ್ಯಯನವೊಂದು ತಿಳಿಸಿತು.

ಆದರೆ ಈ ರಕ್ಷಣೆಗೂ ಮಿತಿಯಿದೆ. ದೊಡ್ಡ ನಾಗರಹಾವು ಪೂರ್ಣವಾಗಿ ಕಚ್ಚಿ ಹೆಚ್ಚು ವಿಷ ಬಿಟ್ಟರೆ ಮುಂಗುಸಿಯೂ ಸಾಯುತ್ತದೆ. ಮಂಡಲದ ವಿಷ ರಕ್ತ ಮತ್ತು ಅಂಗಾಂಶಗಳ ಮೇಲೆ ಕೆಲಸ ಮಾಡುವಂಥದು, ಅದಕ್ಕೆ ನರದ ಬೀಗದ ಈ ಬದಲಾವಣೆ ಅಡ್ಡಬರುವುದಿಲ್ಲ. ಮುಂಗುಸಿಯನ್ನು ಉಳಿಸುವುದು ಹೆಚ್ಚಾಗಿ ಅದರ ಚುರುಕು. ಏಟು ತಪ್ಪಿಸಿಕೊಳ್ಳುವುದು ಅದರ ಮೊದಲನೆಯ ರಕ್ಷಣೆ, ವಿಷ ತಡೆಯುವ ಶಕ್ತಿ ಎರಡನೆಯದು.

ಮುಂಗುಸಿಯ ಬೇರು ಎಂಬ ಭ್ರಮೆ

ಮೇಲಿನ ವಿವರಣೆಯಿಂದ ಒಂದು ವಿಷಯ ಸ್ಪಷ್ಟವಾಗುತ್ತದೆ. ಮುಂಗುಸಿಯ ರಕ್ಷಣೆ ಅದರ ಹುಟ್ಟಿನಿಂದಲೇ ಬಂದುದು, ಯಾವ ಗಿಡಮೂಲಿಕೆಯಿಂದಲೂ ಬಂದುದಲ್ಲ. ಕಾಳಗದ ನಂತರ ಅದು ಪೊದೆಯೊಳಗೆ ಹೋಗುವುದು ಬೇಟೆಯನ್ನು ಮರೆಯಲ್ಲಿ ತಿನ್ನುವುದಕ್ಕೆ ಅಥವಾ ದಣಿವಾರಿಸಿಕೊಳ್ಳುವುದಕ್ಕೆ. ಇದನ್ನು ಕಂಡವರು ಬೇರು ತಿನ್ನಲು ಹೋಯಿತೆಂದು ಊಹಿಸಿದರು. ಸರ್ಪಗಂಧಿಯ ಬೇರನ್ನು ಹಲವರು ಇದೇ ಕಾರಣಕ್ಕೆ ನಂಬುತ್ತಾರೆ. ಸರ್ಪಗಂಧಿಯಲ್ಲಿ ರಕ್ತದ ಒತ್ತಡವನ್ನು ಇಳಿಸುವ ಔಷಧಿಯ ಅಂಶವಿರುವುದು ನಿಜ. ಹಾವಿನ ವಿಷವನ್ನು ಅದು ಇಳಿಸುವುದಿಲ್ಲ. ಕಚ್ಚಿಸಿಕೊಂಡವನಿಗೆ ಬೇರು ಅರೆದು ಕುಡಿಸುತ್ತ ಕಳೆಯುವ ಒಂದು ಗಂಟೆ, ಆಸ್ಪತ್ರೆಯಲ್ಲಿ ಅವನ ಜೀವ ಉಳಿಸಬಹುದಾಗಿದ್ದ ಒಂದು ಗಂಟೆ.

ತೂಕ ಮತ್ತು ವಯಸ್ಸಿನ ಲೆಕ್ಕ

ಕಾಡಿನಲ್ಲಿ ಯಾರು ಯಾರನ್ನು ತಿನ್ನುತ್ತಾರೆ ಎಂಬುದನ್ನು ಜಾತಿಯ ಹೆಸರಿನಿಂದ ಹೇಳಲಾಗದು. ಎರಡು ಪ್ರಾಣಿಗಳ ತೂಕ ಮತ್ತು ವಯಸ್ಸನ್ನು ನೋಡಬೇಕು. ಒಂದೂವರೆ ಕಿಲೋ ತೂಕದ ಮುಂಗುಸಿ ಒಂದು ಮೀಟರು ನಾಗರಹಾವನ್ನು ಕೊಲ್ಲಬಹುದು. ಅದೇ ಮುಂಗುಸಿ ಮೂರು ಮೀಟರು ಹೆಬ್ಬಾವಿನ ಎದುರು ಒಂದು ತುತ್ತು ಮಾತ್ರ. ಬೆಳೆದ ಹೆಬ್ಬಾವು ಮೊಲ, ಪುನುಗುಬೆಕ್ಕು, ನರಿಗಳನ್ನಷ್ಟೇ ಅಲ್ಲ, ಜಿಂಕೆಯ ಮರಿಯನ್ನೂ ನುಂಗಬಲ್ಲುದು. ಅದಕ್ಕೆ ವಿಷವಿಲ್ಲ. ಅದು ಬೇಟೆಯನ್ನು ಸುತ್ತಿ ಹಿಸುಕುತ್ತದೆ. ಬೇಟೆ ಉಸಿರುಗಟ್ಟಿ ಸಾಯುತ್ತದೆ ಎಂದು ಬಹುಕಾಲ ತಿಳಿಯಲಾಗಿತ್ತು. ಅಮೆರಿಕದಲ್ಲಿ ಬೋವಾ ಎಂಬ ಹಿಸುಕುವ ಹಾವಿನ ಮೇಲೆ ನಡೆಸಿ 2015ರಲ್ಲಿ ಪ್ರಕಟಿಸಿದ ಪ್ರಯೋಗದಿಂದ, ಹಿಸುಕಿದ ಕೆಲವೇ ಸೆಕೆಂಡುಗಳಲ್ಲಿ ಬೇಟೆಯ ರಕ್ತಸಂಚಾರವೇ ಕುಸಿಯುತ್ತದೆ ಎಂದು ತಿಳಿದುಬಂತು.

ಈ ಲೆಕ್ಕ ಎಷ್ಟು ಕಠಿಣವಾದುದೆಂಬುದಕ್ಕೆ ಅಮೆರಿಕದ ಫ್ಲಾರಿಡಾ ರಾಜ್ಯ ಒಂದು ಉದಾಹರಣೆ. ಅಲ್ಲಿ ಮೂಲತಃ ಇಲ್ಲದ ಬರ್ಮಾ ಹೆಬ್ಬಾವುಗಳು ಸಾಕುವವರ ಕೈತಪ್ಪಿ ಎವರ್‌ಗ್ಲೇಡ್ಸ್ ಜೌಗು ಪ್ರದೇಶದಲ್ಲಿ ಬೇರೂರಿದವು. 2012ರಲ್ಲಿ ಪ್ರಕಟವಾದ ಸಮೀಕ್ಷೆಯ ಪ್ರಕಾರ, ರಸ್ತೆಗಳಲ್ಲಿ ಕಾಣಸಿಗುತ್ತಿದ್ದ ರಕೂನ್ ಎಂಬ ಸಣ್ಣ ಪ್ರಾಣಿಯ ಎಣಿಕೆ ಶೇಕಡ 99ರಷ್ಟು, ಬಾಬ್‌ಕ್ಯಾಟ್ ಎಂಬ ಕಾಡುಬೆಕ್ಕಿನ ಎಣಿಕೆ ಶೇಕಡ 87ರಷ್ಟು ಕುಸಿದಿತ್ತು. ಆದರೆ ಅದೇ ಬಾಬ್‌ಕ್ಯಾಟ್ 2021ರಲ್ಲಿ ಹೆಬ್ಬಾವಿನ ಗೂಡಿಗೆ ನುಗ್ಗಿ ಮೊಟ್ಟೆಗಳನ್ನು ತಿಂದುದು ಕ್ಯಾಮರಾದಲ್ಲಿ ದಾಖಲಾಯಿತು. ದೊಡ್ಡ ಹಾವು ಬೆಕ್ಕನ್ನು ನುಂಗುತ್ತದೆ, ಬೆಕ್ಕು ಹಾವಿನ ಮೊಟ್ಟೆಯನ್ನು ತಿನ್ನುತ್ತದೆ. ನಮ್ಮ ನಾಡಿನಲ್ಲಿಯೂ ಮುಂಗುಸಿಯಿಂದ ಹಾವುಗಳ ಸಂಖ್ಯೆಗೆ ಕಡಿವಾಣ ಬೀಳುವುದು ಹೆಡೆಯೆತ್ತಿದ ಸರ್ಪದೊಡನೆ ಕಾದಾಡುವುದರಿಂದ ಮಾತ್ರವಲ್ಲ. ಅದು ಮೊಟ್ಟೆಗಳನ್ನೂ ಸಣ್ಣ ಮರಿಗಳನ್ನೂ ಯಾರಿಗೂ ಕಾಣದಂತೆ ತಿನ್ನುತ್ತದೆ.

ಕಾಡುಬೆಕ್ಕು, ಮನೆಯ ಬೆಕ್ಕು, ನಾಯಿಗಳಿಗೆ ಮುಂಗುಸಿಗಿರುವಂಥ ವಿಷನಿರೋಧ ಶಕ್ತಿ ಇಲ್ಲ. ಕಣ ಕಾಯುವ ನಾಯಿ ಹಾವನ್ನು ಅಡ್ಡಗಟ್ಟಿ ಪ್ರಾಣ ಕಳೆದುಕೊಳ್ಳುವುದು ಅಪರೂಪವೇನಲ್ಲ. ನಾಯಿಗೆ ಹಾವು ಕಚ್ಚಿದರೆ ತಡಮಾಡದೆ ಪಶುವೈದ್ಯರಲ್ಲಿಗೆ ಒಯ್ಯಬೇಕು.

ಹಗಲು ರಾತ್ರಿಯ ಲೆಕ್ಕ

ರೈತರು ಎಲ್ಲಕ್ಕಿಂತ ಮುಖ್ಯವಾಗಿ ಗಮನಿಸಬೇಕಾದ ಅಂಶವಿದು. ಮುಂಗುಸಿ ಹಗಲಿನ ಪ್ರಾಣಿ. ಹೊತ್ತು ಮುಳುಗಿದ ಮೇಲೆ ಬಿಲ ಸೇರುತ್ತದೆ. ಕಟ್ಟುಹಾವು ರಾತ್ರಿಯ ಹಾವು. ಕೊಳಕುಮಂಡಲವೂ ಹೆಚ್ಚಾಗಿ ರಾತ್ರಿಯೇ ಸಂಚರಿಸುತ್ತದೆ. ನೆಲದ ಮೇಲೆ ಮಲಗಿದವರನ್ನು ನಡುರಾತ್ರಿಯಲ್ಲಿ ಕಚ್ಚುವ ಕಟ್ಟುಹಾವಿಗೂ ಹಿತ್ತಲಲ್ಲಿ ಹಗಲು ಕಾಣುವ ಮುಂಗುಸಿಗೂ ಭೇಟಿಯಾಗುವುದೇ ಅಪರೂಪ. ಹಿತ್ತಲಲ್ಲಿ ಮುಂಗುಸಿ ಇದೆಯೆಂದು ರಾತ್ರಿ ದೀಪವಿಲ್ಲದೆ ನೀರು ಕಟ್ಟಲು ಹೋಗುವುದು ಸರಿಯಲ್ಲ.

ಈ ಲೆಕ್ಕವನ್ನು ಮರೆತು ಪೆಟ್ಟು ತಿಂದ ದೇಶಗಳಿವೆ. ಜಪಾನಿನ ಅಮಾಮಿ ದ್ವೀಪದಲ್ಲಿ ಹಾಬು ಎಂಬ ವಿಷದ ಹಾವನ್ನು ನಿಗ್ರಹಿಸಲು 1979ರಲ್ಲಿ ಸುಮಾರು 30 ಮುಂಗುಸಿಗಳನ್ನು ಬಿಟ್ಟರು. ಇವು 1910ರಲ್ಲಿ ಭಾರತದ ಕಡೆಯಿಂದ ಓಕಿನಾವಾ ದ್ವೀಪಕ್ಕೆ ಒಯ್ದಿದ್ದ ಮುಂಗುಸಿಗಳ ಸಂತತಿ. ಹಾಬು ರಾತ್ರಿಯ ಹಾವು, ಮುಂಗುಸಿ ಹಗಲಿನದು. ಎರಡೂ ಸಂಧಿಸಲಿಲ್ಲ. ಮುಂಗುಸಿಗಳು ಅಲ್ಲಿನ ಕಪ್ಪು ಮೊಲಗಳನ್ನು, ಹಕ್ಕಿಗಳನ್ನು, ಕಪ್ಪೆಗಳನ್ನು ತಿಂದು ಹೆಚ್ಚಿದವು. ಅವನ್ನು ಪೂರ್ತಿ ಹಿಡಿದು ಮುಗಿಸಲು ದಶಕಗಳೇ ಬೇಕಾದವು. ದ್ವೀಪ ಮುಂಗುಸಿಮುಕ್ತವಾಯಿತೆಂದು ಅಲ್ಲಿನ ಸರ್ಕಾರ ಘೋಷಿಸಿದ್ದು 2024ರ ಸೆಪ್ಟೆಂಬರಿನಲ್ಲಿ. ಇದಕ್ಕೂ ಮೊದಲು, 1872ರಲ್ಲಿ, ಕಬ್ಬಿನ ಗದ್ದೆಯ ಇಲಿಗಳಿಗಾಗಿ ಕಲ್ಕತ್ತೆಯಿಂದ ಜಮೈಕಾಕ್ಕೆ ಒಂಬತ್ತು ಮುಂಗುಸಿಗಳನ್ನು ಒಯ್ದಿದ್ದರು. ಅಲ್ಲಿಂದ 1883ರಲ್ಲಿ ಹವಾಯಿ ದ್ವೀಪಗಳಿಗೂ ತಂದರು. ಎರಡೂ ಕಡೆ ನೆಲದಲ್ಲಿ ಗೂಡು ಕಟ್ಟುವ ಹಕ್ಕಿಗಳಿಗೆ ಹಾನಿಯಾಯಿತು, ಇಲಿಗಳು ಉಳಿದೇ ಉಳಿದವು. ಒಂದು ಪ್ರಾಣಿಯನ್ನು ತಂದು ಬಿಟ್ಟು ಇನ್ನೊಂದನ್ನು ಅಳಿಸುತ್ತೇವೆಂಬುದು ಅಷ್ಟು ಸುಲಭದ ಮಾತಲ್ಲ.

ಎರಡರ ಗುರಿಯೂ ಇಲಿ

ಹಾವು ಮುಂಗುಸಿಯ ಮುಖ್ಯ ಆಹಾರವಲ್ಲ. ಇಲಿ, ಹೆಗ್ಗಣ, ಮಿಡತೆ, ಜೀರುಂಡೆ, ಏಡಿ, ಕಪ್ಪೆ, ಹಲ್ಲಿ, ಮೊಟ್ಟೆ, ಬಿದ್ದ ಹಣ್ಣು ಇವೆಲ್ಲ ಅದರ ದಿನನಿತ್ಯದ ಊಟ. ನಾಗರ, ಕೇರೆ, ಮಂಡಲಗಳೂ ಹೊಲಕ್ಕೆ ಬರುವುದು ಮುಖ್ಯವಾಗಿ ಇಲಿಗಾಗಿ. ಎರಡೂ ಒಂದೇ ಬೇಟೆಗೆ ಬಂದಾಗ ಎದುರುಬದುರಾಗುತ್ತವೆ.

ಆದರೂ ಇವು ಮಾಡುವ ಕೆಲಸ ಒಂದೇ ಬಗೆಯದಲ್ಲ. ಮುಂಗುಸಿ ಹಗಲಿನಲ್ಲಿ ಬದು, ಪೊದೆಗಳನ್ನು ಜಾಲಾಡುತ್ತದೆ. ಹಾವು ಇಲಿಯ ಬಿಲದೊಳಗೇ ಇಳಿದು ಮರಿಗಳನ್ನೂ ಮುಗಿಸುತ್ತದೆ, ಈ ಕೆಲಸವನ್ನು ಬೇರಾವ ಪ್ರಾಣಿಯೂ ಅಷ್ಟು ಚೆನ್ನಾಗಿ ಮಾಡಲಾರದು. ಕಾಡುಬೆಕ್ಕು ಮುಸ್ಸಂಜೆ, ಮುಂಜಾವುಗಳಲ್ಲಿ ಬೇಟೆಯಾಡುತ್ತದೆ. ರಾಜಸ್ಥಾನದ ಸರಿಸ್ಕಾದಲ್ಲಿ ನಡೆದು 2004ರಲ್ಲಿ ಪ್ರಕಟವಾದ ಅಧ್ಯಯನವು ಒಂದು ಕಾಡುಬೆಕ್ಕು ದಿನಕ್ಕೆ ಮೂರರಿಂದ ಐದು ಇಲಿಗಳನ್ನು ತಿನ್ನುತ್ತದೆಂದು ಅಂದಾಜು ಮಾಡಿದೆ. ಭತ್ತದ ತೆನೆಗಳನ್ನು ಕತ್ತರಿಸಿ ಬಿಲದಲ್ಲಿ ಕೂಡಿಡುವ ಹೆಗ್ಗಣವನ್ನು ಕಂಡ ರೈತನಿಗೆ ಈ ಮೂವರ ಬೆಲೆ ಬೇರೆ ಹೇಳಬೇಕಾಗಿಲ್ಲ. ಇವರಲ್ಲಿ ಯಾರು ಯಾರನ್ನು ಗೆದ್ದರೂ, ಮೂವರೂ ಹೊಲದಲ್ಲಿರುವುದೇ ರೈತನಿಗೆ ಲಾಭ.

ರೈತರು ಅನುಸರಿಸಬೇಕಾದ ಕ್ರಮಗಳು

1. ಹಾವನ್ನು ಮನೆಯಿಂದ ದೂರವಿಡಲು ಇಲಿಯನ್ನು ದೂರವಿಡಬೇಕು. ಕಾಳುಕಡಿಗಳನ್ನು ಮುಚ್ಚಳವಿರುವ ಡಬ್ಬಿ, ಕಣಜಗಳಲ್ಲಿ ಇಡಿ. ಸೌದೆ, ಹುಲ್ಲಿನ ಬಣವೆ, ಕಲ್ಲುಗುಡ್ಡೆಗಳು ಮನೆಗೆ ಒತ್ತಿಕೊಂಡಿರಬಾರದು. ಗೋಡೆಯ ಬಿರುಕು, ಬಿಲಗಳನ್ನು ಮುಚ್ಚಿ.

2. ಹೊಲದಲ್ಲಿ ಇಲಿಗೆ ವಿಷವಿಡುವ ಮುನ್ನ ಎಲ್ಲ ಬಿಲಗಳನ್ನು ಮಣ್ಣಿನಿಂದ ಮುಚ್ಚಿ. ಮರುದಿನ ತೆರೆದಿರುವ ಬಿಲಗಳಲ್ಲಿ ಮಾತ್ರ, ಒಳಗೆ ತಳ್ಳಿ ವಿಷದ ತಿನಿಸನ್ನು ಇಡಿ. ಸತ್ತ ಇಲಿಗಳನ್ನು ಆರಿಸಿ ಆಳವಾಗಿ ಹೂಳಿ. ಹೊರಗೆ ಬಿಟ್ಟರೆ ಅವನ್ನು ತಿಂದ ಮುಂಗುಸಿ, ಬೆಕ್ಕು, ಗೂಬೆಗಳಿಗೂ ಅಪಾಯವಾಗಬಹುದು.

3. ಮುಂಗುಸಿ ಕೋಳಿಮರಿ, ಮೊಟ್ಟೆಗಳನ್ನು ಕದಿಯುವುದು ನಿಜ. ಇದಕ್ಕೆ ಅದನ್ನು ಕೊಲ್ಲುವುದು ಪರಿಹಾರವಲ್ಲ. ಕೋಳಿಗೂಡಿಗೆ ಸಣ್ಣ ಕಣ್ಣಿನ ತಂತಿಬಲೆ ಹಾಕಿ, ಬುಡದಲ್ಲಿ ಬಲೆಯನ್ನು ಒಂದಡಿಯಷ್ಟು ಮಣ್ಣಿನಲ್ಲಿ ಹೂಳಿ.

4. ಮುಂಗುಸಿ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಡಿ ರಕ್ಷಿತ ಪ್ರಾಣಿ. ಚಿತ್ರ ಬರೆಯುವ ಕುಂಚಗಳಿಗಾಗಿ ಇದರ ಕೂದಲನ್ನು ಕಳ್ಳತನದಿಂದ ಮಾರುವ ಜಾಲವಿದ್ದು, 2019ರಲ್ಲಿ ದೇಶದ ಹಲವೆಡೆ ದಾಳಿಗಳು ನಡೆದವು. ಉರುಳು ಹಾಕುವವರು ಹೊಲಕ್ಕೆ ಬಂದರೆ ಅರಣ್ಯ ಇಲಾಖೆಗೆ ತಿಳಿಸಿ.

5. ಹಾವು ಹಿಡಿಯಲೆಂದು ಮುಂಗುಸಿಯನ್ನು ಸಾಕಬೇಡಿ. ಅದು ಕಾನೂನಿಗೆ ವಿರುದ್ಧ, ಅಲ್ಲದೆ ಮುಂಗುಸಿಯ ಕಡಿತದಿಂದ ಹುಚ್ಚುನಾಯಿ ರೋಗ (ರೇಬೀಸ್) ಬರುವ ಸಂಭವವಿದೆ.

6. ರಾತ್ರಿ ಹೊಲಕ್ಕೆ ಹೋಗುವಾಗ ಬ್ಯಾಟರಿ, ಕೋಲು, ಕಾಲು ಮುಚ್ಚುವ ಬೂಟು ಇರಲಿ. ಹುಲ್ಲು, ಕಟಾವಾದ ಬೆಳೆಯ ಕಂತೆಗಳಿಗೆ ಕೈ ಹಾಕುವ ಮುನ್ನ ಕೋಲಿನಿಂದ ಅಲುಗಿಸಿ. ಸಾಧ್ಯವಾದಷ್ಟು ಮಂಚದ ಮೇಲೆ, ಸೊಳ್ಳೆಪರದೆಯನ್ನು ಹಾಸಿಗೆಯಡಿಗೆ ಸಿಕ್ಕಿಸಿ ಮಲಗಿ.

ಹಾವು ಕಚ್ಚಿದಾಗ

ಕಚ್ಚಿಸಿಕೊಂಡವರಿಗೆ ಧೈರ್ಯ ಹೇಳಿ, ನಡೆಯಲು ಬಿಡಬೇಡಿ. ಉಂಗುರ, ಬಳೆ, ಕಾಲ್ಗೆಜ್ಜೆ ತೆಗೆಯಿರಿ. ಮೂಳೆ ಮುರಿದಾಗ ಮಾಡುವಂತೆ ಕೈಕಾಲಿಗೆ ಪಟ್ಟಿ ಕಟ್ಟಿ ಅಲುಗದಂತೆ ಮಾಡಿ. ಬಿಗಿಯಾಗಿ ಹಗ್ಗ ಕಟ್ಟುವುದು, ಗಾಯ ಕೊಯ್ಯುವುದು, ಬಾಯಿಂದ ಹೀರುವುದು, ಬೇರು ತಿನ್ನಿಸುವುದು ಎಲ್ಲವೂ ಹಾನಿಕರ. ಹಾವನ್ನು ಹಿಡಿಯಲು ಹೊತ್ತು ಕಳೆಯಬೇಡಿ. 108ಕ್ಕೆ ಕರೆ ಮಾಡಿ, ಅಥವಾ ಸಿಕ್ಕ ವಾಹನದಲ್ಲಿ ಪ್ರತಿವಿಷ ಇರುವ ಆಸ್ಪತ್ರೆಗೆ ಒಯ್ಯಿರಿ. ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ ಈ ನಾಲ್ಕರ ವಿಷಕ್ಕೂ ಒಂದೇ ಪ್ರತಿವಿಷವನ್ನು ಕೊಡುತ್ತಾರೆ. ಕಟ್ಟುಹಾವಿನ ಕಡಿತದಲ್ಲಿ ನೋವು, ಬಾವು ಇಲ್ಲದಿರಬಹುದು. ಬೆಳಗಿನ ಜಾವ ಹೊಟ್ಟೆನೋವು, ಇಳಿಬಿದ್ದ ರೆಪ್ಪೆ, ತೊದಲು ಮಾತು ಕಂಡರೆ ಕೂಡಲೇ ಹೊರಡಿ. ಕರ್ನಾಟಕ ಸರ್ಕಾರ 2024ರ ಫೆಬ್ರವರಿಯಲ್ಲಿ ಹಾವು ಕಡಿತವನ್ನು ಆಸ್ಪತ್ರೆಗಳು ವರದಿ ಮಾಡಲೇಬೇಕಾದ ಕಾಯಿಲೆಗಳ ಪಟ್ಟಿಗೆ ಸೇರಿಸಿದೆ.

ಒಟ್ಟಿನಲ್ಲಿ ಹೇಳುವುದಾದರೆ, ಮುಂಗುಸಿ ನಾಗರಹಾವನ್ನು ಗೆಲ್ಲುವುದು ನಿಜ, ಆದರೆ ಎಲ್ಲ ಹಾವನ್ನೂ ಅಲ್ಲ, ಎಲ್ಲ ಹೊತ್ತಿನಲ್ಲೂ ಅಲ್ಲ. ಅದರ ಮೈಯಲ್ಲಿರುವ ರಕ್ಷಣೆ ಮನುಷ್ಯನ ಮೈಯಲ್ಲಿ ಇಲ್ಲ, ಯಾವ ಬೇರಿನಿಂದಲೂ ಬರುವುದಿಲ್ಲ. ಹೊಲದ ಇಲಿಯನ್ನು ಹಾವು, ಮುಂಗುಸಿ, ಕಾಡುಬೆಕ್ಕುಗಳು ತಮ್ಮ ಪಾಡಿಗೆ ನೋಡಿಕೊಳ್ಳಲಿ. ಮನೆಯ ಸುತ್ತಿನ ಚೊಕ್ಕಟ, ಕೈಯಲ್ಲೊಂದು ದೀಪ, ಹತ್ತಿರದಲ್ಲಿ ಪ್ರತಿವಿಷ ಎಲ್ಲಿ ಸಿಗುತ್ತದೆಂಬ ತಿಳಿವಳಿಕೆ, ಈ ಮೂರನ್ನು ಮಳೆಗಾಲ ಹಿಡಿಯುವ ಮೊದಲೇ ಪ್ರತಿಯೊಂದು ರೈತ ಕುಟುಂಬವೂ ಸಿದ್ಧಮಾಡಿಕೊಳ್ಳುವುದು ಒಳ್ಳೆಯದು.